ಕೊಲೊರಾಡೊ ವಿಶ್ವವಿದ್ಯಾಲಯದ ರೀಜೆಂಟರಿಗೆ ಬಹಿರಂಗ ಪತ್ರ: ತಂಡದಿಂದ ಹೊರಬಿದ್ದ ಹುಡುಗರ ಲೆಕ್ಕ ಕೊಡಿ

ಕೊಲೊರಾಡೊ ವಿಶ್ವವಿದ್ಯಾಲಯದ ರೀಜೆಂಟರ ಮಂಡಳಿಯ ಗೌರವಾನ್ವಿತ ಸದಸ್ಯರಿಗೆ,

ಮಾನ್ಯರೆ,

ನವೆಂಬರ್ 25ರಂದು ಸಾಲ್ಟ್ ಲೇಕ್ ಸಿಟಿಯಲ್ಲಿ ಯೂಟಾ ವಿರುದ್ಧ 23-17ರಿಂದ ಸೋಲುವುದರೊಂದಿಗೆ ನಮ್ಮ ವಿಶ್ವವಿದ್ಯಾಲಯದ ಅಮೆರಿಕನ್ ಫುಟ್‌ಬಾಲ್ ತಂಡ ಬಫಲೋಸ್‌ನ 2023ರ ಋತು ಮುಗಿಯಿತು. ನಾಲ್ಕು ಗೆಲುವು, ಎಂಟು ಸೋಲು. ಪ್ಯಾಕ್-12 ಎಂಬ ಕಾಲೇಜು ತಂಡಗಳ ಕೂಟದೊಳಗೆ ಆಡಿದ ಒಂಬತ್ತು ಪಂದ್ಯಗಳಲ್ಲಿ ಗೆದ್ದದ್ದು ಒಂದನ್ನು ಮಾತ್ರ. ಹೊಸ ಮುಖ್ಯ ಕೋಚ್ ಡಿಯಾನ್ ಸ್ಯಾಂಡರ್ಸ್ ಅವರ ಮೊದಲ ವರ್ಷ ಗೆದ್ದಿತೋ ಸೋತಿತೋ ಎಂಬ ಚರ್ಚೆ ಪತ್ರಿಕೆಗಳಲ್ಲಿ, ಟಿವಿಯಲ್ಲಿ ಬಿಡುವಿಲ್ಲದೆ ನಡೆದಿದೆ. ಆ ಚರ್ಚೆಯಲ್ಲಿ ಯಾರೂ ಹೆಸರೆತ್ತದ ಕೆಲವು ವಿದ್ಯಾರ್ಥಿಗಳ ಪರವಾಗಿ ನಾನು ತಮಗೆ ಬರೆಯುತ್ತಿದ್ದೇನೆ.

ನಾನು ಬೋಲ್ಡರ್ ಕ್ಯಾಂಪಸ್ಸಿನ ಹಳೆಯ ವಿದ್ಯಾರ್ಥಿ. ಓದು ಮುಗಿಸಿ ಇದೇ ಊರಿನ ಆಸುಪಾಸಿನಲ್ಲಿ ಕೆಲಸ ಹಿಡಿದು, ಸಂಸಾರ ಹೂಡಿ, ಈ ರಾಜ್ಯದ ಮತದಾರನೂ ಆಗಿದ್ದೇನೆ. ಅಮೆರಿಕದ ಬಹುತೇಕ ರಾಜ್ಯಗಳಲ್ಲಿ ವಿಶ್ವವಿದ್ಯಾಲಯದ ಆಡಳಿತ ಮಂಡಳಿಗೆ ನೇಮಕ ನಡೆಯುತ್ತದೆ. ಕೊಲೊರಾಡೊದಲ್ಲಿ ಹಾಗಲ್ಲ. ತಾವು ಒಂಬತ್ತು ಮಂದಿಯೂ ಜನರ ಮತದಿಂದ ಆರು ವರ್ಷದ ಅವಧಿಗೆ ಆರಿಸಿ ಬಂದವರು. ಆದ್ದರಿಂದ ತಮ್ಮನ್ನೇ ನೇರವಾಗಿ ಕೇಳುತ್ತಿದ್ದೇನೆ. ಇದೇ ಪತ್ರದ ಇಂಗ್ಲಿಷ್ ಪ್ರತಿ ತಮ್ಮ ಕಚೇರಿಗೆ ತಲುಪಿದೆ. ಡೆನ್ವರ್, ಬೋಲ್ಡರ್ ಸುತ್ತಮುತ್ತ ನೆಲೆಸಿರುವ ಕನ್ನಡ ಕುಟುಂಬಗಳ ಮಕ್ಕಳೂ ತಮ್ಮ ತರಗತಿಗಳಲ್ಲಿ ಕೂರುತ್ತಾರೆ, ಅವರ ತಂದೆತಾಯಂದಿರೂ ತಮಗೆ ಮತ ಹಾಕುತ್ತಾರೆ. ಅವರೂ ಓದಲಿ ಎಂದು ಕನ್ನಡದಲ್ಲಿ ಪ್ರಕಟಿಸುತ್ತಿದ್ದೇನೆ.

ಮೊದಲು ಕೋಚ್ ಸ್ಯಾಂಡರ್ಸ್ ಅವರಿಗೆ ಸಲ್ಲಬೇಕಾದದ್ದು ಸಲ್ಲಲಿ. 2022ರಲ್ಲಿ ನಮ್ಮದು ಹನ್ನೆರಡು ಪಂದ್ಯಗಳಲ್ಲಿ ಹನ್ನೊಂದನ್ನು ಸೋತ ತಂಡ. ಮೊದಲ ಐದು ಸೋಲಿಗೇ ಆಗಿನ ಕೋಚ್ ಕಾರ್ಲ್ ಡೊರೆಲ್ ಅವರನ್ನು ಮನೆಗೆ ಕಳುಹಿಸಲಾಯಿತು. 1990ರಲ್ಲಿ ರಾಷ್ಟ್ರೀಯ ಪ್ರಶಸ್ತಿ ಗೆದ್ದ ತಂಡದ ಮೈದಾನ ಇದೇನಾ ಎನ್ನುವ ಹಾಗೆ ಫೋಲ್ಸಮ್ ಫೀಲ್ಡ್‌ನ ಮೇಲಿನ ಸಾಲುಗಳು ಬಣಗುಡುತ್ತಿದ್ದವು. ಜಾಕ್ಸನ್ ಸ್ಟೇಟ್ ತಂಡವನ್ನು 27 ಗೆಲುವು, 6 ಸೋಲುಗಳ ದಾಖಲೆಯೊಂದಿಗೆ ಮೇಲೆತ್ತಿದ್ದ ಸ್ಯಾಂಡರ್ಸ್ ಬಂದ ಮೇಲೆ ಎಲ್ಲವೂ ಬದಲಾಯಿತು. ಏಪ್ರಿಲ್ 22ರಂದು ನಡೆದದ್ದು ತಂಡದೊಳಗಿನವರೇ ಎರಡು ಗುಂಪು ಮಾಡಿಕೊಂಡು ಆಡುವ ಅಭ್ಯಾಸ ಪಂದ್ಯ. ಅದನ್ನು ನೋಡಲು ಆ ಕೊರೆಯುವ ಚಳಿಯಲ್ಲಿ 47,000ಕ್ಕೂ ಹೆಚ್ಚು ಜನ ಬಂದಿದ್ದರು. ಋತು ಶುರುವಾದ ಮೇಲೆ ಆರೂ ತವರು ಪಂದ್ಯಗಳ ಟಿಕೆಟ್ ಪೂರ್ತಿ ಮಾರಾಟವಾದವು. ಕಪ್ಪು ಜನರ ಸಂಖ್ಯೆ ತೀರಾ ಕಡಿಮೆ ಇರುವ ಈ ಊರಿಗೆ ದೂರದೂರದಿಂದ ಕಪ್ಪು ಕುಟುಂಬಗಳು ಮಕ್ಕಳ ಕೈ ಹಿಡಿದುಕೊಂಡು ಬಂದವು. ರಾಲ್ಫಿ ಎಂಬ ಹೆಣ್ಣು ಬೈಸನ್ ಮೈದಾನದ ಸುತ್ತ ಓಡುವಾಗ ಆ ಮಕ್ಕಳು ಕುರ್ಚಿಯ ಮೇಲೆ ನಿಂತು ಕೂಗಿದ್ದನ್ನು ನಾನು ಕಂಡಿದ್ದೇನೆ.

ಸೆಪ್ಟೆಂಬರ್ 2ರಂದು ಫೋರ್ಟ್ ವರ್ತ್‌ನಲ್ಲಿ ಆಡಿದ್ದು ಹಿಂದಿನ ವರ್ಷ ರಾಷ್ಟ್ರೀಯ ಫೈನಲ್ ತಲುಪಿದ್ದ ಟಿಸಿಯು (ಟೆಕ್ಸಾಸ್ ಕ್ರಿಶ್ಚಿಯನ್ ವಿಶ್ವವಿದ್ಯಾಲಯ) ವಿರುದ್ಧ. ಇಪ್ಪತ್ತು ಅಂಕಗಳ ಅಂತರದಿಂದ ಸೋಲುತ್ತೇವೆಂದು ಎಲ್ಲರೂ ಭವಿಷ್ಯ ಹೇಳಿದ್ದರು. ಗೆದ್ದೆವು, 45-42. ಕೋಚ್ ಅವರ ಮಗ ಶೆಡ್ಯೂರ್ ಆ ಪಂದ್ಯದಲ್ಲಿ ಒಟ್ಟು 510 ಗಜ ಚೆಂಡೆಸೆದು ವಿಶ್ವವಿದ್ಯಾಲಯದ ದಾಖಲೆ ಬರೆದ. ಟ್ರಾವಿಸ್ ಹಂಟರ್ ಎಂಬ ಹುಡುಗ ದಾಳಿಗೂ ರಕ್ಷಣೆಗೂ ತಾನೇ ನಿಂತು ಬಿಡುವಿಲ್ಲದೆ ಆಡಿದ್ದನ್ನು ಟಿವಿಯಲ್ಲಿ ನೋಡಿ, ಇಂಥ ಆಟಗಾರ ನಮ್ಮ ಕಾಲೇಜಿನ ಅಂಗಿ ತೊಟ್ಟಿದ್ದಾನಲ್ಲ ಎಂದು ಕಣ್ಣು ತುಂಬಿ ಬಂತು. ಮುಂದಿನ ವಾರ ನೆಬ್ರಾಸ್ಕವನ್ನು 36-14ರಿಂದ ಬಗ್ಗುಬಡಿದೆವು. ಅದರ ಮುಂದಿನ ವಾರ ಕೊಲೊರಾಡೊ ಸ್ಟೇಟ್ ವಿರುದ್ಧ ಎರಡು ಹೆಚ್ಚುವರಿ ಅವಧಿಗಳ ತನಕ ಎಳೆದು 43-35ರಿಂದ ಗೆದ್ದೆವು. ಆ ಪಂದ್ಯದಲ್ಲಿ ಹಂಟರ್‌ಗೆ ಯಕೃತ್ತಿಗೇ ಪೆಟ್ಟಾಯಿತು. ಪೆಟ್ಟು ಕೊಟ್ಟ ಎದುರಾಳಿ ಹುಡುಗನಿಗೆ ಕೊಲೆ ಬೆದರಿಕೆಗಳು ಬಂದಾಗ, ಅದನ್ನು ಈಗಲೇ ನಿಲ್ಲಿಸಿ ಎಂದು ಸಾರ್ವಜನಿಕವಾಗಿ ಹೇಳಿದವರು ಸ್ಯಾಂಡರ್ಸ್. ಎರಡು ಕಾಲ್ಬೆರಳು ಕಳೆದುಕೊಂಡು, ಈ ಬೇಸಿಗೆಯಲ್ಲೂ ಕಾಲಿನ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು ಮೈದಾನದಂಚಿನಲ್ಲಿ ನಿಂತ ಮನುಷ್ಯ ಅವರು. ಅವರ ಕಪ್ಪು ಕನ್ನಡಕ, ಚಿನ್ನದ ಸರ, ಮಾತಿನ ಧಾಟಿಯನ್ನು ಕಂಡು ಮೂಗು ಮುರಿಯುವವರ ಸಾಲಿಗೆ ದಯವಿಟ್ಟು ನನ್ನನ್ನು ಸೇರಿಸಬೇಡಿ. ಆ ಟೀಕೆಯ ಹಿಂದೆ ಏನಿದೆ ಎಂಬುದು ಈ ದೇಶದಲ್ಲಿ ಕಂದು ಮೈಬಣ್ಣ ಹೊತ್ತು ಬದುಕುವ ನನಗೆ ಚೆನ್ನಾಗಿ ಗೊತ್ತು.

ಆಮೇಲೆ ಏನಾಯಿತೆಂಬುದೂ ತಮಗೆ ತಿಳಿದಿದೆ. ಆರೆಗಾನ್‌ನಲ್ಲಿ 42-6ರ ಸೋಲು. ಯುಎಸ್‌ಸಿ ವಿರುದ್ಧ ಏಳು ಅಂಕಗಳಿಂದ ಸೋಲು. ಅರಿಜೋನಾ ಸ್ಟೇಟ್ ವಿರುದ್ಧ ಕೊನೆಯ ಕ್ಷಣದ ಗೆಲುವು. ಅಕ್ಟೋಬರ್ 13, ಶುಕ್ರವಾರ ರಾತ್ರಿ ಸ್ಟ್ಯಾನ್‌ಫರ್ಡ್ ವಿರುದ್ಧ ನಡೆದ ಪಂದ್ಯವನ್ನು ಫೋಲ್ಸಮ್ ಫೀಲ್ಡ್‌ನಲ್ಲಿ ಕುಳಿತು ನೋಡಿದವರು ಅಷ್ಟು ಬೇಗ ಮರೆಯುವುದಿಲ್ಲ. ವಿರಾಮದ ಹೊತ್ತಿಗೆ 29-0 ಮುನ್ನಡೆ. ನಮ್ಮ ಮುಂದಿನ ಸಾಲಿನವರು ಕಂಬಳಿ ಮಡಿಚಿಕೊಂಡು, ಗೆದ್ದಂತೆಯೇ ಎಂದು ನಗುತ್ತಾ ಮನೆಗೆ ಹೊರಟರು. ಎರಡನೆಯ ಅರ್ಧದಲ್ಲಿ ಸ್ಟ್ಯಾನ್‌ಫರ್ಡ್‌ನ ಎಲಿಕ್ ಅಯೊಮನೋರ್ ಎಂಬೊಬ್ಬನನ್ನು ತಡೆಯಲು ನಮ್ಮವರಿಂದ ಆಗಲೇ ಇಲ್ಲ. ಒಟ್ಟು 294 ಗಜ ಅವನೊಬ್ಬನೇ ಗಳಿಸಿದ. ನಡುರಾತ್ರಿ ದಾಟಿದ ಮೇಲೆ, ಎರಡನೆಯ ಹೆಚ್ಚುವರಿ ಅವಧಿಯಲ್ಲಿ, 46-43ರಿಂದ ಸೋತೆವು. ಆ ರಾತ್ರಿಯ ನಂತರ ತಂಡ ಒಂದು ಪಂದ್ಯವನ್ನೂ ಗೆಲ್ಲಲಿಲ್ಲ.

ಎಂಟು ಸೋಲುಗಳಲ್ಲಿ ಐದು ಏಳು ಅಥವಾ ಅದಕ್ಕಿಂತ ಕಡಿಮೆ ಅಂಕಗಳವು. ಆಟ ಬಲ್ಲವರು ಹೇಳುವುದೇನೆಂದರೆ, ಇಂಥ ಪಂದ್ಯಗಳನ್ನು ಕೊನೆಯ ಹತ್ತು ನಿಮಿಷದಲ್ಲಿ ಗೆಲ್ಲಿಸಿಕೊಡುವುದು ಒಟ್ಟಿಗೆ ಎರಡು ಮೂರು ವರ್ಷ ಬೆವರು ಸುರಿಸಿದ ಹುಡುಗರ ಹೊಂದಾಣಿಕೆ, ಬೆಂಚಿನ ಮೇಲೆ ಕುಳಿತಿರುವವರ ಕಸುವು. ನಮ್ಮಲ್ಲಿ ಎರಡೂ ಇರಲಿಲ್ಲ. ಏಕೆ ಇರಲಿಲ್ಲ ಎಂಬುದಕ್ಕೆ ಒಂದು ವರ್ಷ ಹಿಂದಕ್ಕೆ ಹೋಗಬೇಕು.

2022ರ ಡಿಸೆಂಬರ್ ಮೊದಲ ವಾರ, ಕೆಲಸಕ್ಕೆ ಸೇರಿದ ಬೆನ್ನಲ್ಲೇ ಹೊಸ ಕೋಚ್ ಆಗಿನ ಆಟಗಾರರನ್ನು ಮೊದಲ ಬಾರಿಗೆ ಒಂದು ಕೋಣೆಯಲ್ಲಿ ಕೂಡಿಸಿದರು. ತಮ್ಮೊಂದಿಗೆ ತಮ್ಮದೇ ದುಬಾರಿ ಲಗೇಜ್ (ಅಂದರೆ ತಮ್ಮದೇ ಆಟಗಾರರು) ಬರುತ್ತಿದೆ, ಕೆಲವು ಸ್ಥಾನಗಳು ಆಗಲೇ ಭರ್ತಿಯಾಗಿವೆ, ಬೇಕಾದವರು ಕಾಲೇಜು ಬದಲಿಸುವ ಆಟಗಾರರು ಹೆಸರು ನೋಂದಾಯಿಸುವ ಟ್ರಾನ್ಸ್‌ಫರ್ ಪೋರ್ಟಲ್‌ಗೆ ಜಿಗಿಯಬಹುದು ಎಂದರು. ಆ ಸಭೆಯ ವಿಡಿಯೊ ಅಂತರ್ಜಾಲಕ್ಕೆ ಏರಿತು. ಲಕ್ಷಾಂತರ ಜನ ನೋಡಿದರು. ತಾವೂ ನೋಡಿರುತ್ತೀರಿ. ಮತ್ತೊಮ್ಮೆ ನೋಡಬೇಕೆಂದು ಪ್ರಾರ್ಥಿಸುತ್ತೇನೆ. ಈ ಸಲ ಮಾತನಾಡುವವರನ್ನು ಬಿಟ್ಟು ಕುರ್ಚಿಗಳ ಮೇಲೆ ಕುಳಿತಿರುವ ಹುಡುಗರ ಮುಖ ನೋಡಿ. ಹದಿನೆಂಟು, ಹತ್ತೊಂಬತ್ತು, ಇಪ್ಪತ್ತರ ಪ್ರಾಯದವರು. ನಾಲ್ಕು ವರ್ಷ ಓದಿಸುತ್ತೇವೆ, ಆಡಿಸುತ್ತೇವೆ ಎಂದು ಇದೇ ವಿಶ್ವವಿದ್ಯಾಲಯದವರು ಅವರ ಮನೆಗಳಿಗೆ ಹೋಗಿ, ತಾಯಂದಿರ ಎದುರು ಕುಳಿತು ಕರೆದುಕೊಂಡು ಬಂದ ಮಕ್ಕಳು.

ಮುಂದಿನದು ಏಪ್ರಿಲ್‌ನಲ್ಲಿ ನಡೆಯಿತು. 22ರಂದು ಅಭ್ಯಾಸ ಪಂದ್ಯ. ಪೋರ್ಟಲ್ ಮುಚ್ಚುವುದು 30ಕ್ಕೆ. ಈ ನಡುವಿನ ಎಂಟು ದಿನಗಳಲ್ಲಿ ಇಪ್ಪತ್ತಕ್ಕೂ ಹೆಚ್ಚು ಮಂದಿ ಹೆಸರು ನೋಂದಾಯಿಸಿ ಹೊರಟರು. ಚಳಿಗಾಲದಲ್ಲಿ ಹೋದವರೂ ಸೇರಿದರೆ, ವಿದ್ಯಾರ್ಥಿವೇತನದ ಮೇಲಿದ್ದ ಹಳಬರಲ್ಲಿ ಋತುವಿನ ಆರಂಭಕ್ಕೆ ಉಳಿದದ್ದು ಹತ್ತರ ಆಸುಪಾಸು. ಎಂಬತ್ತಕ್ಕೂ ಹೆಚ್ಚು ಹೊಸ ಮುಖಗಳು ಬಂದವು. ಹೊಸ ನೀರು ಬಂದು ಹಳೆ ನೀರನ್ನು ಕೊಚ್ಚಿಕೊಂಡು ಹೋಯಿತು. ಕಾಲೇಜು ಫುಟ್‌ಬಾಲ್‌ನಲ್ಲಿ ಈ ಪ್ರಮಾಣದಲ್ಲಿ ಹಿಂದೆಂದೂ ಹೀಗಾದದ್ದನ್ನು ನಾವು ಕಂಡಿರಲಿಲ್ಲ.

ಮೊಂಟಾನಾ ಲೆಮೋನಿಯಸ್-ಕ್ರೇಗ್ ಎಂಬ ಆಟಗಾರನನ್ನು ಇಲ್ಲಿ ನೆನೆಯಲೇಬೇಕು. 2022ರ ಆ ಕೆಟ್ಟ ವರ್ಷದಲ್ಲಿ ನಾವು ಗೆದ್ದ ಒಂದೇ ಒಂದು ಪಂದ್ಯ ಕ್ಯಾಲಿಫೋರ್ನಿಯಾ ವಿರುದ್ಧ, ಹೆಚ್ಚುವರಿ ಅವಧಿಯಲ್ಲಿ, 20-13. ಗೆಲುವಿನ ಚೆಂಡನ್ನು ಹಿಡಿದವನು ಇವನು. ಆ ದಿನ ವಿದ್ಯಾರ್ಥಿಗಳು ಬೇಲಿ ಹಾರಿ ಮೈದಾನ ತುಂಬಿದ್ದರು. ಏಪ್ರಿಲ್‌ನ ಅಭ್ಯಾಸ ಪಂದ್ಯದಲ್ಲೂ ಅವನು 98 ಗಜದ ಟಚ್‌ಡೌನ್ (ಚೆಂಡನ್ನು ಎದುರಾಳಿಯ ಕೊನೆಯ ಗೆರೆ ದಾಟಿಸಿ ಪಡೆಯುವ ಅಂಕ) ಗಳಿಸಿದ. ಕೆಲವೇ ದಿನಗಳಲ್ಲಿ ಅವನ ಹೆಸರೂ ಪೋರ್ಟಲ್‌ನಲ್ಲಿತ್ತು. ಅವನನ್ನು ಹೊರಹಾಕಿದರೆಂದು ನಾನು ಹೇಳುತ್ತಿಲ್ಲ. ಹೋಗುವುದು ಅವನ ಆಯ್ಕೆ, ಆ ಹಕ್ಕು ಆಟಗಾರರಿಗೆ ಸಿಕ್ಕಿದ್ದು ಒಳ್ಳೆಯದೇ. ಕಷ್ಟಕಾಲದಲ್ಲಿ ನಮ್ಮೊಡನೆ ನಿಂತವನೂ ಉಳಿಯಬೇಕೆನ್ನಿಸದಂಥ ವಾತಾವರಣ ಆ ಕೋಣೆಯಲ್ಲಿತ್ತು ಎಂಬುದು ನನ್ನ ಸಂಕಟ. ಅವನು ಸೇರಿದ್ದು ಅರಿಜೋನಾ. ನವೆಂಬರ್ 11ರಂದು ಅದೇ ಅರಿಜೋನಾ ನಮ್ಮ ಮೈದಾನಕ್ಕೆ ಬಂದು ಕೊನೆಯ ಒದೆತದಲ್ಲಿ 34-31ರಿಂದ ಗೆದ್ದು ಹೋಯಿತು.

ಇದೆಲ್ಲ ನಿಯಮದ ಪ್ರಕಾರವೇ ನಡೆದಿದೆ ಎಂದು ಕ್ರೀಡಾ ವಿಭಾಗ ಹೇಳಬಹುದು. ಹೌದು, ಅಮೆರಿಕದ ಕಾಲೇಜು ಕ್ರೀಡೆಗಳನ್ನು ನಿಯಂತ್ರಿಸುವ ಎನ್‌ಸಿಎಎ ಸಂಸ್ಥೆಯ 2023ರ ನಿಯಮವೇ ಹಾಗಿದೆ: ಹೊಸದಾಗಿ ಬಂದ ಮುಖ್ಯ ಕೋಚ್ ಮೊದಲ ವರ್ಷದಲ್ಲಿ ತನಗೆ ಬೇಡವಾದ ಆಟಗಾರರನ್ನು ತಂಡದಿಂದ ಕೈಬಿಡಬಹುದು. ವಿಶ್ವವಿದ್ಯಾಲಯ ಅವರ ವಿದ್ಯಾರ್ಥಿವೇತನವನ್ನು ಮುಂದುವರಿಸಬೇಕು. ಆದರೆ ಆ ಹುಡುಗರು ತಂಡದ 85 ವಿದ್ಯಾರ್ಥಿವೇತನಗಳ ಮಿತಿಯಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ಕಾಗದದ ಮೇಲೆ ಇದು ನ್ಯಾಯವಾಗಿಯೇ ಕಾಣುತ್ತದೆ. ಆದರೆ ಹತ್ತು ವರ್ಷದ ಪ್ರಾಯದಿಂದ ಆಟವನ್ನೇ ಉಸಿರಾಡಿದ ಹುಡುಗನಿಗೆ, ನೀನು ಇಲ್ಲೇ ಓದು, ಮೈದಾನಕ್ಕೆ ಮಾತ್ರ ಬರಬೇಡ ಎಂದರೆ ಅವನು ಎಷ್ಟು ದಿನ ಉಳಿದಾನು? ಓದಿನ ದಾರಿ ತೆರೆದೇ ಇತ್ತು, ಹೋದದ್ದು ಅವನೇ ಎಂದು ಆಮೇಲೆ ಕೈ ತೊಳೆದುಕೊಳ್ಳುವುದು ಸುಲಭ. ಅದೂ ಏಪ್ರಿಲ್ ಕೊನೆಯಲ್ಲಿ, ಮೇ ತಿಂಗಳ ಪರೀಕ್ಷೆ ತಲೆಯ ಮೇಲಿರುವಾಗ! ಒಂದು ಕೈಯಲ್ಲಿ ಪಠ್ಯಪುಸ್ತಕ, ಇನ್ನೊಂದು ಕೈಯಲ್ಲಿ ಮೊಬೈಲ್ ಹಿಡಿದು, ಯಾವುದಾದರೂ ಕಾಲೇಜಿನ ಕೋಚ್ ಕರೆ ಮಾಡಿಯಾನೇ ಎಂದು ಕಾಯುವ ಹುಡುಗ ಪರೀಕ್ಷೆಯಲ್ಲಿ ಏನು ಬರೆದಾನು? ಕಾಲೇಜು ಬದಲಿಸಿದಾಗ ಓದಿದ ವಿಷಯಗಳ ಕ್ರೆಡಿಟ್ ಎಲ್ಲವೂ ಹೊಸ ಕಡೆ ಎಣಿಕೆಗೆ ಬರುತ್ತದೆಂಬ ಖಾತರಿಯಿಲ್ಲ. ಪದವಿ ಒಂದು ವರ್ಷ ಹಿಂದೆ ಬಿದ್ದರೆ ಅದರ ಹೊರೆ ಹೊರುವವರು ಯಾರು?

ಇನ್ನೊಂದು ಮಾತನ್ನೂ ಹೇಳಲೇಬೇಕಾಗಿದೆ. ಚೆಂಡೆಸೆಯುವ ಆಟಗಾರನಾದ ಕ್ವಾರ್ಟರ್‌ಬ್ಯಾಕ್‌ನ ಮುಂದೆ ನಿಂತು ಎದುರಾಳಿಗಳನ್ನು ತಡೆಯುವುದು ಐವರು ಲೈನ್‌ಮನ್‌ಗಳ ಕೆಲಸ. ಟಿವಿ ಕ್ಯಾಮೆರಾ ಚೆಂಡಿನ ಹಿಂದೆ ಓಡುತ್ತದೆ, ಇವರ ಕಡೆ ತಿರುಗುವುದು ತಪ್ಪು ಮಾಡಿದಾಗ ಮಾತ್ರ. ಈ ವರ್ಷ ಶೆಡ್ಯೂರ್ ಸ್ಯಾಂಡರ್ಸ್‌ನನ್ನು ಎದುರಾಳಿಗಳು 52 ಬಾರಿ ಚೆಂಡೆಸೆಯುವ ಮೊದಲೇ ಕೆಡವಿದರು. ಗಾಯಗೊಂಡ ಆ ಹುಡುಗ ಕೊನೆಯ ಪಂದ್ಯಕ್ಕೆ ಇಳಿಯಲೇ ಇಲ್ಲ. ಒಬ್ಬ ತಂದೆಯಾಗಿ ಕೋಚ್ ಅವರ ನೋವು ನನಗೆ ಅರ್ಥವಾಗುತ್ತದೆ. ಆದರೆ ಅಕ್ಟೋಬರ್ 28ರಂದು ಯುಸಿಎಲ್‌ಎ ವಿರುದ್ಧ ಸೋತ ಮೇಲೆ ಪತ್ರಕರ್ತರ ಮುಂದೆ, ಇದಕ್ಕೆ ಪರಿಹಾರ ಹೊಸ ಲೈನ್‌ಮನ್‌ಗಳನ್ನು ತರುವುದು ಎಂಬರ್ಥದ ಮಾತು ಅವರ ಬಾಯಿಂದ ಬಂತು. ಆಗ ಇನ್ನೂ ನಾಲ್ಕು ಪಂದ್ಯ ಬಾಕಿ ಇದ್ದವು. ಆ ಐವರು ಸೋಮವಾರ ಬೆಳಿಗ್ಗೆ ಎದ್ದು ತರಗತಿಗೆ ಹೋಗಬೇಕು, ಮಧ್ಯಾಹ್ನ ಅದೇ ಕೋಚ್ ಮುಂದೆ ಅಭ್ಯಾಸಕ್ಕೆ ನಿಲ್ಲಬೇಕು, ಶನಿವಾರ ಅದೇ ಕ್ವಾರ್ಟರ್‌ಬ್ಯಾಕ್‌ಗಾಗಿ ಮೈ ಒಡ್ಡಬೇಕು. ನವೆಂಬರ್ ಮೊದಲ ವಾರದಲ್ಲಿ ದಾಳಿಯ ಯೋಜನೆ ರೂಪಿಸುತ್ತಿದ್ದ ಸಹಾಯಕ ಕೋಚ್ ಶಾನ್ ಲೂಯಿಸ್ ಅವರಿಂದ ಆ ಹೊಣೆಯನ್ನು ಕಿತ್ತು ಪ್ಯಾಟ್ ಶರ್ಮರ್ ಅವರಿಗೆ ಕೊಡಲಾಯಿತು. ತಂಡ ಆ ನಂತರವೂ ಚೇತರಿಸಿಕೊಳ್ಳಲಿಲ್ಲ. ಲೂಯಿಸ್ ಈಗ ಸ್ಯಾನ್ ಡಿಯಾಗೊ ಸ್ಟೇಟ್‌ಗೆ ಮುಖ್ಯ ಕೋಚ್ ಆಗಿ ಹೊರಟಿದ್ದಾರೆ. ಹಿರಿಯರ ವಿಷಯ ಬಿಡಿ, ಅವರಿಗೆ ಕರಾರು ಇದೆ, ವಕೀಲರಿದ್ದಾರೆ. ಹುಡುಗರಿಗೆ ಯಾರಿದ್ದಾರೆ?

ತಾವಿದ್ದೀರಿ. ಐದು ವರ್ಷಕ್ಕೆ 2 ಕೋಟಿ 95 ಲಕ್ಷ ಡಾಲರುಗಳ ಕೋಚ್ ಕರಾರು ತಮ್ಮ ಆಡಳಿತದಲ್ಲಿ ಆದದ್ದು. ಜುಲೈನಲ್ಲಿ ಪ್ಯಾಕ್-12 ತೊರೆದು ಬಿಗ್ 12 ಕೂಟಕ್ಕೆ ಮರಳುವ ತೀರ್ಮಾನಕ್ಕೆ ಒಮ್ಮತದಿಂದ ಕೈ ಎತ್ತಿದವರೂ ತಾವೇ. ಹಣದ ವಿಷಯದಲ್ಲಿ ಇಷ್ಟು ಚುರುಕಾಗಿ ನಿರ್ಧರಿಸಬಲ್ಲ ಮಂಡಳಿ ವಿದ್ಯಾರ್ಥಿಗಳ ವಿಷಯದಲ್ಲೂ ನಿರ್ಧರಿಸಬಲ್ಲದು ಎಂಬ ನಂಬಿಕೆಯಿಂದ ಕೇಳುತ್ತಿದ್ದೇನೆ.

2022ರ ಡಿಸೆಂಬರಿನಿಂದ ಈಚೆಗೆ ತಂಡ ಬಿಟ್ಟ ವಿದ್ಯಾರ್ಥಿಗಳ ಬಗ್ಗೆ ಒಂದು ಸಾರ್ವಜನಿಕ ವರದಿ ಕೊಡಿ. ಹೆಸರು ಬೇಡ, ಸಂಖ್ಯೆ ಸಾಕು. ಎಷ್ಟು ಮಂದಿ ಬೋಲ್ಡರ್‌ನಲ್ಲೇ ಓದು ಮುಂದುವರಿಸಿದರು, ಎಷ್ಟು ಮಂದಿ ಬೇರೆ ಕಾಲೇಜು ಸೇರಿದರು, ಎಷ್ಟು ಮಂದಿಗೆ ಎಲ್ಲೂ ಜಾಗ ಸಿಗದೆ ಓದೂ ನಿಂತಿತು ಎಂಬುದು ಜನರಿಗೆ ತಿಳಿಯಲಿ. ಕಡೆಯ ಗುಂಪಿನವರಲ್ಲಿ ಯಾರೇ ಮರಳಿ ಬಂದು ಪದವಿ ಮುಗಿಸುತ್ತೇನೆಂದರೂ ಮೊದಲು ಕೊಟ್ಟ ಮಾತಿನ ಪ್ರಕಾರ ಅವರ ಶುಲ್ಕವನ್ನು ವಿಶ್ವವಿದ್ಯಾಲಯವೇ ಭರಿಸಬೇಕು. ಟಿವಿ ಹಕ್ಕುಗಳಿಂದ ಬಿಗ್ 12 ಕೂಟದ ಪ್ರತಿ ಸದಸ್ಯನಿಗೆ ವರ್ಷಕ್ಕೆ ಮೂರು ಕೋಟಿ ಡಾಲರಿಗೂ ಹೆಚ್ಚು ಬರುತ್ತದೆ ಎಂದು ತಾವೇ ಲೆಕ್ಕ ಹಾಕಿದ್ದೀರಿ. ಅದರಲ್ಲಿ ಇದೊಂದು ದೊಡ್ಡ ಖರ್ಚಲ್ಲ.

ಇನ್ನು ಮುಂದೆ ಯಾವ ಕೋಚ್ ಬಂದರೂ, ಫುಟ್‌ಬಾಲ್‌ಗಷ್ಟೇ ಅಲ್ಲ, ಯಾವ ಆಟಕ್ಕೇ ಆದರೂ, ಕರಾರಿನಲ್ಲಿ ಒಂದು ಷರತ್ತು ಇರಲಿ. ಆಟಗಾರನನ್ನು ಕೈಬಿಡುವ ಮೊದಲು ಕ್ರೀಡಾ ವಿಭಾಗಕ್ಕೆ ಸೇರದ ಶೈಕ್ಷಣಿಕ ಸಲಹೆಗಾರರೊಬ್ಬರು ಅವನೊಡನೆ ಕುಳಿತು ಮಾತನಾಡಬೇಕು, ಅವನ ಹಕ್ಕುಗಳೇನು, ಉಳಿದರೆ ಏನು ಸಿಗುತ್ತದೆ, ಹೋದರೆ ಯಾವ ಕ್ರೆಡಿಟ್ ಕಳೆದುಕೊಳ್ಳುತ್ತಾನೆ ಎಂಬುದನ್ನು ಬರಹದಲ್ಲಿ ಕೊಡಬೇಕು. ಏಪ್ರಿಲ್ ಕೊನೆಯ ವಾರದ ಅವಸರ ಬೇಡ. ಕೈಬಿಡುವುದಿದ್ದರೆ ಪೋರ್ಟಲ್ ತೆರೆಯುವ ದಿನವೇ ಹೇಳಿ, ಹುಡುಗನಿಗೆ ಪೂರ್ತಿ ಅವಧಿ ಸಿಗುವಂತೆ ಮಾಡಬೇಕು.

ಕ್ಯಾಮೆರಾಗಳ ಬಗ್ಗೆಯೂ ಒಂದು ನಿಯಮ ಬೇಕು. ಸಾಕ್ಷ್ಯಚಿತ್ರ ತೆಗೆಯಲಿ, ಗೆಲುವಿನ ಕುಣಿತ ತೋರಿಸಲಿ, ಯಾರ ತಕರಾರೂ ಇಲ್ಲ. ಆದರೆ ಒಬ್ಬ ವಿದ್ಯಾರ್ಥಿಗೆ ಅವನ ಸ್ಥಾನ ಉಳಿಯುವುದೋ ಇಲ್ಲವೋ ಎಂದು ಹೇಳುವ ಸಭೆಯಲ್ಲಿ ಕ್ಯಾಮೆರಾ ಇರಕೂಡದು. ಪ್ರಾಧ್ಯಾಪಕರೊಬ್ಬರು ಅನುತ್ತೀರ್ಣರಾದವರನ್ನು ನಿಲ್ಲಿಸಿ ಮಾತನಾಡುವುದನ್ನು ಚಿತ್ರೀಕರಿಸಿ ಅಂತರ್ಜಾಲಕ್ಕೆ ಹಾಕಿದ್ದರೆ ತಾವು ಮರುದಿನವೇ ನೋಟಿಸ್ ಕೊಡುತ್ತಿದ್ದಿರಿ.

ರಾತ್ರಿ ಎಂಟಕ್ಕೆ ಶುರುವಾಗಿ ನಡುರಾತ್ರಿ ಮೀರಿ ಮುಗಿಯುವ ಪಂದ್ಯಗಳ ವಿಷಯವನ್ನೂ ಟಿವಿ ಕಂಪನಿಗಳೊಡನೆ ಮಾತನಾಡುವಾಗ ಎತ್ತಿ. ಮುಂದಿನ ವರ್ಷದಿಂದ ನಾವು ಆಡಲಿರುವ ಕೂಟ ಪಶ್ಚಿಮ ವರ್ಜೀನಿಯಾದಿಂದ ಫ್ಲೋರಿಡಾದ ಒರ್ಲಾಂಡೊ ತನಕ ಹರಡಿಕೊಂಡಿದೆ. ಫುಟ್‌ಬಾಲ್ ತಂಡವೇನೋ ವಾರಕ್ಕೊಮ್ಮೆ ಬಾಡಿಗೆ ವಿಮಾನದಲ್ಲಿ ಹೋಗಿಬರುತ್ತದೆ. ವಾಲಿಬಾಲ್, ಸಾಕರ್ ಆಡುವ ಹೆಣ್ಣುಮಕ್ಕಳು ವಾರದ ನಡುವೆ ಅಷ್ಟು ದೂರ ಹೋಗಿ ಬಂದು ಪ್ರಯೋಗಾಲಯದ ತರಗತಿಗೆ ಹಾಜರಾಗುವುದು ಹೇಗೆ ಎಂಬುದನ್ನು ಕೈ ಎತ್ತುವ ಮೊದಲು ಯಾರಾದರೂ ಕೇಳಿದ್ದರೆ ಆ ಉತ್ತರವನ್ನೂ ಪ್ರಕಟಿಸಿ.

ಡಿಸೆಂಬರ್ 4ಕ್ಕೆ ಪೋರ್ಟಲ್ ಮತ್ತೆ ತೆರೆದಿದೆ. ಹೊಸ ಹೆಸರುಗಳು ಈಗಾಗಲೇ ಬರುತ್ತಿವೆ, ಹೋಗುತ್ತಿವೆ. 2024ರ ಏಪ್ರಿಲ್‌ನಲ್ಲಿ ಇನ್ನೊಮ್ಮೆ ತೆರೆಯುತ್ತದೆ. ಅದಕ್ಕೂ ಮೊದಲಿನ ತಮ್ಮ ಸಾರ್ವಜನಿಕ ಸಭೆಯೊಂದರ ಕಾರ್ಯಸೂಚಿಯಲ್ಲಿ ಈ ವಿಷಯವನ್ನು ಸೇರಿಸಬೇಕು, ತಂಡ ಬಿಟ್ಟ ವಿದ್ಯಾರ್ಥಿಗಳಲ್ಲಿ ಮಾತನಾಡಲು ಇಚ್ಛಿಸುವವರಿಗೆ ಅಲ್ಲಿ ಸಮಯ ಕೊಡಬೇಕು, ಕೋಚ್ ಸ್ಯಾಂಡರ್ಸ್ ಅವರನ್ನೂ ಗೌರವದಿಂದ ಆಹ್ವಾನಿಸಿ ಅವರ ಮಾತನ್ನೂ ಕೇಳಬೇಕು ಎಂದು ವಿನಂತಿಸುತ್ತೇನೆ. ಸಾರ್ವಜನಿಕರ ಸಾಲಿನಲ್ಲಿ ನಾನೂ ಇರುತ್ತೇನೆ. ತಮ್ಮಿಂದ ಬರುವ ಉತ್ತರವನ್ನು ಇದೇ ರೀತಿ ಕನ್ನಡಕ್ಕೆ ತಂದು, ಈ ಪತ್ರ ಓದಿದವರೆಲ್ಲರ ಮುಂದಿಡುತ್ತೇನೆ.

ಗೌರವಗಳೊಂದಿಗೆ,

ಬೋಲ್ಡರ್ ಕ್ಯಾಂಪಸ್ಸಿನ ಹಳೆಯ ವಿದ್ಯಾರ್ಥಿ ಮತ್ತು ಕೊಲೊರಾಡೊ ರಾಜ್ಯದ ಮತದಾರ
ಡಿಸೆಂಬರ್ 2023